ಮಾನನಷ್ಟದ ನೋಟಿಸ್ ಮನೆಗೆ ಬಂದಾಗ

ಮುಂಬೈಯ ಕನ್ನಡ ಸಂಘವೊಂದರ ಮಹಾಸಭೆಯಲ್ಲೋ ಹೌಸಿಂಗ್ ಸೊಸೈಟಿಯ ಸಭೆಯಲ್ಲೋ ನೀವು ಲೆಕ್ಕಪತ್ರದ ಬಗ್ಗೆ ಪ್ರಶ್ನೆ ಎತ್ತಿದ್ದೀರಿ. ಕೆಲವು ತಿಂಗಳ ಬಳಿಕ ಪದಾಧಿಕಾರಿಯೊಬ್ಬರು ಹೂಡಿದ ಕ್ರಿಮಿನಲ್ ಮಾನನಷ್ಟ ದೂರಿನ ನೋಟಿಸ್ ಬೋರಿವಲಿಯ ಮ್ಯಾಜಿಸ್ಟ್ರೇಟ್ ನ್ಯಾಯಾಲಯದಿಂದ ಮನೆಗೆ ಬರುತ್ತದೆ. ಗಾಬರಿಯಲ್ಲಿ ಕ್ಷಮಾಪಣೆ ಬರೆದುಕೊಡಬೇಡಿ. ಭಾರತೀಯ ನ್ಯಾಯ ಸಂಹಿತೆಯ 356ನೇ ಸೆಕ್ಷನ್ ಪ್ರಕಾರ ಇದಕ್ಕೆ ಹೆಚ್ಚೆಂದರೆ 2 ವರ್ಷ ಸಾದಾ ಸಜೆಯಿದ್ದರೂ ಇದು ಜಾಮೀನು ಸಿಗುವ ಅಪರಾಧ. ವಾರಂಟ್ ಇಲ್ಲದೆ ಪೊಲೀಸರು ಬಂಧಿಸುವಂತಿಲ್ಲ.

ಮೊದಲು, ಕೈಗೆ ಬಂದ ಕಾಗದ ಯಾವುದು, ನಿಮ್ಮ ಮಾತು ಕೇಳಲು ಕರೆಯುವ ನೋಟಿಸೋ ಅಥವಾ ಪ್ರಕರಣ ಅಂಗೀಕರಿಸಿದ ಮೇಲೆ ಬರುವ ಸಮನ್ಸೋ ಎಂದು ನೋಡಿ. 2024ರ ಜುಲೈ 1ರಂದು ಜಾರಿಗೆ ಬಂದ, ಕ್ರಿಮಿನಲ್ ಪ್ರಕರಣ ನಡೆಸುವ ಕ್ರಮ ಹೇಳುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 223ನೇ ಸೆಕ್ಷನ್ ಪ್ರಕಾರ, ಖಾಸಗಿ ದೂರನ್ನು (ಪೊಲೀಸರ ಮೂಲಕವಲ್ಲದೆ ನೇರ ನ್ಯಾಯಾಲಯಕ್ಕೆ ಕೊಟ್ಟ ದೂರು) ವಿಚಾರಣೆಗೆ ಅಂಗೀಕರಿಸುವ ಮುನ್ನವೇ ಮ್ಯಾಜಿಸ್ಟ್ರೇಟರು ಆರೋಪಿಯ ಮಾತು ಕೇಳಬೇಕು. ಹಳೆಯ ಕಾನೂನಿನಲ್ಲಿ ಈ ಅವಕಾಶ ಇರಲಿಲ್ಲ. ಹುರುಳಿಲ್ಲದ ದೂರು ಬಾಗಿಲಲ್ಲೇ ಬೀಳುವುದಾದರೆ ಅದು ಇಲ್ಲೇ. ನೋಟಿಸಿನೊಡನೆ ದೂರಿನ ಪ್ರತಿ, ದೂರುದಾರರು ಪ್ರಮಾಣ ಮಾಡಿ ಕೊಟ್ಟ ಹೇಳಿಕೆ ಇವೆಯೇ ಎಂದು ನೋಡಿ, ಇಲ್ಲದಿದ್ದರೆ ಕೇಳಿ ಪಡೆಯಿರಿ. ಹೇಳಿಕೆ ದಾಖಲಾದ ಮೇಲೆಯೇ ಆರೋಪಿಗೆ ನೋಟಿಸ್ ಹೋಗಬೇಕೆಂದು ಕರ್ನಾಟಕ ಹೈಕೋರ್ಟ್ 2024ರಲ್ಲಿ, ಮಾನನಷ್ಟದ ಪ್ರಕರಣವೊಂದರಲ್ಲೇ, ಹೇಳಿದೆ.

ಅನಂತರ, ನೀವು ಆಡಿದಿರೆನ್ನಲಾದ ಮಾತು ದೂರಿನ ಯಾವ ಪುಟದಲ್ಲಿದೆ ಎಂದು ಹುಡುಕಿ. ನನ್ನ ದೃಷ್ಟಿಯಲ್ಲಿ ಪ್ರಕರಣದ ಅರ್ಧ ಭವಿಷ್ಯ ಆ ಪುಟದಲ್ಲಿದೆ. ನೀವು ಆಡಿದ್ದು ಕನ್ನಡದಲ್ಲಿ. ದೂರು ಇರುವುದು ಮರಾಠಿಯಲ್ಲಿ ಇಲ್ಲವೇ ಇಂಗ್ಲಿಷಿನಲ್ಲಿ. “ಕಟ್ಟಡ ನಿಧಿಯ ಲೆಕ್ಕ ತಾಳೆಯಾಗುತ್ತಿಲ್ಲ” ಎಂಬ ಮಾತು ಅನುವಾದದಲ್ಲಿ “ಕಟ್ಟಡ ನಿಧಿಯನ್ನು ಲಪಟಾಯಿಸಿದ್ದಾರೆ” ಎಂದಾಗಿರಬಹುದು. ಮೊದಲನೆಯದು ಪ್ರಶ್ನೆ, ಎರಡನೆಯದು ಆರೋಪ. ಸಭೆಯ ನಡಾವಳಿ ಪುಸ್ತಕದ ಪ್ರತಿಯನ್ನೂ ಧ್ವನಿಮುದ್ರಣವಿದ್ದರೆ ಅದನ್ನೂ ಅಂದೇ ತೆಗೆದಿಡಿ. ಮೂಲ ಮಾತನ್ನೇ ಉದ್ಧರಿಸದೆ “ಅವಹೇಳನಕಾರಿಯಾಗಿ ಮಾತನಾಡಿದರು” ಎಂದಷ್ಟೇ ಬರೆದ ದೂರು ಬಹಳ ದುರ್ಬಲ. ಜೊತೆಗೆ, ದೂರು ಕೊಟ್ಟವರು ನಿಜವಾಗಿಯೂ ಬಾಧಿತರೇ, ಘಟನೆ ನಡೆದು 3 ವರ್ಷ ಮೀರಿದೆಯೇ ಎಂಬುದನ್ನೂ ನೋಡಿಕೊಳ್ಳಿ.

ಮೂರನೆಯದಾಗಿ, ನ್ಯಾಯ ಸಂಹಿತೆಯ 356ನೇ ಸೆಕ್ಷನ್ನಿನಲ್ಲಿರುವ 10 ವಿನಾಯಿತಿಗಳನ್ನು ವಕೀಲರೊಡನೆ ಕುಳಿತು ಓದಿ. ಸತ್ಯ ಹೇಳಿದರೆ ಸಾಕೆಂದು ಬಹಳ ಜನ ನಂಬಿದ್ದಾರೆ. ಕಾನೂನು ಸತ್ಯದ ಜೊತೆಗೆ ಸಾರ್ವಜನಿಕ ಹಿತವನ್ನೂ ಕೇಳುತ್ತದೆ. ಸಂಘದ ಸದಸ್ಯರಿಗೆ ಹೆಚ್ಚು ಒದಗಿಬರುವುದು ಎಂಟನೆಯ ವಿನಾಯಿತಿ, ಅಂದರೆ ಅಧಿಕಾರವುಳ್ಳವರ ಮುಂದೆ ಸದ್ಭಾವನೆಯಿಂದ ಇಟ್ಟ ದೂರು. ಸಹೋದ್ಯೋಗಿಯ ನಡತೆಯ ಬಗ್ಗೆ ಮೇಲಧಿಕಾರಿಗೆ ದೂರು ಕೊಟ್ಟವರ ಮೇಲೆ ಹೊರಟಿದ್ದ ಸಮನ್ಸನ್ನು ಸುಪ್ರೀಂ ಕೋರ್ಟ್ 1999ರಲ್ಲಿ, ಮಹಾರಾಷ್ಟ್ರದ್ದೇ ಪ್ರಕರಣವೊಂದರಲ್ಲಿ, ಇದೇ ನೆಲೆಯಲ್ಲಿ ರದ್ದುಪಡಿಸಿತು. ಆದರೆ ಸಂಘ, ಟ್ರಸ್ಟುಗಳ ಮೇಲ್ವಿಚಾರಣೆ ನಡೆಸುವ ವರಳಿಯ ಚಾರಿಟಿ ಕಮಿಷನರ್ ಕಚೇರಿಗೆ ಕೊಟ್ಟ ಅರ್ಜಿಯನ್ನೇ ವಾಟ್ಸ್ಆ್ಯಪ್ ಗುಂಪಿಗೂ ಹಾಕಿದ್ದರೆ ಆ ರಕ್ಷಣೆ ಸಡಿಲವಾಗುತ್ತದೆ.

ನ್ಯಾಯಾಲಯದಲ್ಲಿ ಎಲ್ಲವನ್ನೂ ಒಟ್ಟಿಗೆ ಹೇಳಹೊರಡಬೇಡಿ. ದೂರನ್ನು ಇದ್ದಂತೆಯೇ ನಂಬಿದರೂ ಅಪರಾಧ ಕಾಣುವುದಿಲ್ಲ ಎಂಬುದನ್ನಷ್ಟೇ ತೋರಿಸಿ. ಸಾಕ್ಷ್ಯ ಬೇಡುವ ವಾದಗಳು ವಿಚಾರಣೆಗೆ ಸೇರಿದವು. ಆರೋಪಿ ಉಡುಪಿಯಲ್ಲೋ ಪುಣೆಯಲ್ಲೋ ವಾಸವಿದ್ದು ದೂರು ಮುಂಬೈಯಲ್ಲಿ ದಾಖಲಾಗಿದ್ದರೆ, ನಾಗರಿಕ ಸುರಕ್ಷಾ ಸಂಹಿತೆಯ 225ನೇ ಸೆಕ್ಷನ್ನಿನ ಪ್ರಕಾರ ಮ್ಯಾಜಿಸ್ಟ್ರೇಟರು ಸಮನ್ಸ್ ಹೊರಡಿಸುವ ಮೊದಲು ತಾವೇ ವಿಚಾರಿಸಬೇಕು, ಇಲ್ಲವೇ ತನಿಖೆ ಮಾಡಿಸಲೇಬೇಕೆಂಬುದನ್ನು ನೆನಪಿಸಿ.

ಆಧಾರವಿಲ್ಲವೆಂದು ಕಂಡರೆ ಮ್ಯಾಜಿಸ್ಟ್ರೇಟರು ಅದೇ ಸಂಹಿತೆಯ 226ನೇ ಸೆಕ್ಷನ್ನಿನಡಿ ಸಂಕ್ಷಿಪ್ತ ಕಾರಣ ದಾಖಲಿಸಿ ದೂರನ್ನು ವಜಾ ಮಾಡುತ್ತಾರೆ. ದೂರುದಾರರು ಪುನರ್‌ಪರಿಶೀಲನೆ ಕೋರಿ ಮೇಲಿನ ನ್ಯಾಯಾಲಯಕ್ಕೆ ಹೋದರೆ ಅಲ್ಲಿಯೂ ನಿಮ್ಮ ಮಾತು ಕೇಳಬೇಕು. ಆದರೆ ಒಮ್ಮೆ ಸಮನ್ಸ್ ಹೊರಟರೆ ಅದನ್ನು ಹಿಂತೆಗೆದುಕೊಳ್ಳುವ ಅಧಿಕಾರ ಅದೇ ಮ್ಯಾಜಿಸ್ಟ್ರೇಟರಿಗಿಲ್ಲ ಎಂದು 2004ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಆಗ 90 ದಿನಗಳೊಳಗೆ ಸೆಷನ್ಸ್ ನ್ಯಾಯಾಲಯಕ್ಕೆ ಹೋಗಬೇಕು, ಇಲ್ಲವೇ ಅದೇ ಸಂಹಿತೆಯ 528ನೇ ಸೆಕ್ಷನ್ನಿನಡಿ ಬಾಂಬೆ ಹೈಕೋರ್ಟಿನ ಮೆಟ್ಟಿಲೇರಬೇಕು. ಆದೇಶ ಬಂದ ದಿನವೇ ದೃಢೀಕೃತ ಪ್ರತಿಗೆ ಅರ್ಜಿ ಹಾಕಿ. ಪ್ರತಿ ಕೈಸೇರಲು ಹಿಡಿದ ದಿನಗಳು ಆ 90ರ ಲೆಕ್ಕಕ್ಕೆ ಬರುವುದಿಲ್ಲ.