ಹೊಸ ಪೋಲಿಶ್ ನಿರ್ದೇಶಕರ ಜಾಡು ಹಿಡಿಯುವುದು ಹೇಗೆ?

ಚಿತ್ರೋತ್ಸವದ ಪಟ್ಟಿ ಕೈಗೆ ಬಂದ ಕೂಡಲೇ ನಾವು ಮಾಡುವ ಕೆಲಸ ಒಂದೇ, ಗೊತ್ತಿರುವ ಹೆಸರು ಹುಡುಕುವುದು. ಪೋಲೆಂಡ್ ಅಂದರೆ ವಾಯ್ದಾ, ಪೊಲಾನ್‌ಸ್ಕಿ, ಕೀಶ್ಲೋವ್‌ಸ್ಕಿ. ಅಲ್ಲಿಗೆ ನಮ್ಮ ಲೆಕ್ಕ ಮುಗಿಯುತ್ತದೆ. ಆದರೆ ಅಲ್ಲಿ ಪ್ರತಿ ವರ್ಷ ಹೊಸಬರು ಮೊದಲ ಸಿನಿಮಾ ಹಿಡಿದು ಬರುತ್ತಾರೆ. ಅವರು ಯಾರು, ಎಲ್ಲಿಂದ ಬಂದರು, ನೋಡಲೇಬೇಕಾದವರು ಯಾರು ಅಂತ ತಿಳಿಯಲು ಒಂದು ದಾರಿ ಇದೆ. ನಾನು ಕೆಲವು ವರ್ಷಗಳಿಂದ ಹೀಗೇ ಹುಡುಕಿಕೊಂಡು ನೋಡುತ್ತಿದ್ದೇನೆ. ನಿಮಗೂ ಉಪಯೋಗ ಆಗಬಹುದು.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಪರಿಚಯದಲ್ಲಿ ಪ್ರಶಸ್ತಿಗಳ ಪಟ್ಟಿ ಓದುವ ಮುಂಚೆ, ಚಿತ್ರಕತೆ ಬರೆದವರು ಯಾರು ಅಂತ ನೋಡಿ. ಹೊಸ ನಿರ್ದೇಶಕರ ಬಗ್ಗೆ ಅದು ಹೇಳುವಷ್ಟು ಬೇರೆ ಯಾವ ಸಾಲೂ ಹೇಳುವುದಿಲ್ಲ.

ಹೆಸರು ಸರಿಯಾಗಿ ಹುಡುಕಿ

ಇಂಗ್ಲಿಷ್ ಹೆಸರು ನಂಬಿ ಹುಡುಕಿದರೆ ದಾರಿ ತಪ್ಪುತ್ತೀರಿ. 'ಸೈಲೆಂಟ್ ನೈಟ್' ಅಂತ ಹಾಕಿ ನೋಡಿ, ಬೇರೆ ಬೇರೆ ದೇಶಗಳ ಸಿನಿಮಾ ಎದುರು ಬರುತ್ತವೆ. ನಾನು ಹೇಳುತ್ತಿರುವುದು ಪ್ಯೋತರ್ ದೊಮಲೇವ್‌ಸ್ಕಿ ಅವರ 2017ರ ಸಿನಿಮಾ, ಅದರ ಪೋಲಿಶ್ ಹೆಸರು 'ಚಿಹಾ ನೊತ್ಸ್'. ಅದನ್ನು ಹಾಕಿದರೆ ಬೇಕಾದದ್ದು ಸಿಗುತ್ತದೆ. ಉಚ್ಚಾರಣೆಯೂ ಹಾಗೇ. ಆ ದೇಶದ ಸಿನಿಮಾ ಶಾಲೆ ಇರುವ ಊರನ್ನು ನಾವು 'ಲೋಡ್ಜ್' ಅಂತ ಓದುತ್ತೇವೆ, ಅಲ್ಲಿಯವರು 'ವೂಚ್' ಅನ್ನುತ್ತಾರೆ. ಅಡ್ಡಗೆರೆ ಎಳೆದ ಎಲ್ ಅಕ್ಷರ ಕಂಡರೆ 'ವ' ಅಂತ ಓದಿಕೊಳ್ಳಿ, ಅರ್ಧ ತೊಂದರೆ ಮುಗಿಯಿತು.

ಎರಡು ಪದ ಗೊತ್ತಿದ್ದರೆ ಸಾಕು. 'ರೆಝಿಸೇರಿಯಾ' ಅಂದರೆ ನಿರ್ದೇಶನ. 'ಸ್ತ್ಸೆನಾರ್ಯುಷ್' ಅಂದರೆ ಚಿತ್ರಕತೆ. ಎರಡರ ಮುಂದೆಯೂ ಒಂದೇ ಹೆಸರಿದೆಯಾ, ಬೇರೆ ಬೇರೆ ಇದೆಯಾ? ಅದನ್ನೇ ನೋಡಬೇಕು.

ಹುಡುಕಲು ಒಳ್ಳೆಯ ಜಾಗ 'ಫಿಲ್ಮ್ ಪೋಲ್ಸ್ಕಿ' ಅನ್ನುವ ಮಾಹಿತಿಕೋಶ. ವೂಚ್‌ನ ಸಿನಿಮಾ ಶಾಲೆಯೇ ಅದನ್ನು ನಡೆಸುತ್ತದೆ. ಬೇರೆ ಕಡೆ ಸಿಗದ ಸಣ್ಣಪುಟ್ಟ ಕೆಲಸಗಳೂ ಅಲ್ಲಿ ದಾಖಲಾಗಿರುತ್ತವೆ. ಇವತ್ತು ಪ್ರಶಸ್ತಿ ಪಡೆದವರು ಹತ್ತು ವರ್ಷದ ಹಿಂದೆ ಇನ್ಯಾರದ್ದೋ ಸಿನಿಮಾದಲ್ಲಿ ಸಹಾಯಕರಾಗಿದ್ದದ್ದು ಅಲ್ಲೇ ಕಣ್ಣಿಗೆ ಬೀಳುತ್ತದೆ.

ಶಾಲೆ

1948ರಲ್ಲಿ ಶುರುವಾದ ವೂಚ್ ಶಾಲೆಯದ್ದೇ ದೊಡ್ಡ ಹೆಸರು. ವಾಯ್ದಾ ಕ್ರಾಕುವ್‌ನಲ್ಲಿ ಚಿತ್ರಕಲೆ ಕಲಿಯುವುದನ್ನು ಬಿಟ್ಟು ಅಲ್ಲಿಗೆ ಬಂದರು. ಕೀಶ್ಲೋವ್‌ಸ್ಕಿಗೆ ಅಲ್ಲಿ ಎರಡು ಸಲ ಸೀಟು ಸಿಗಲಿಲ್ಲ, ಮೂರನೇ ಸಲಕ್ಕೆ ಸಿಕ್ಕಿತು. ಮುಂದೆ ಕಟೊವಿತ್ಸೆಯ ಸಿನಿಮಾ ಶಾಲೆಗೆ ಅವರದ್ದೇ ಹೆಸರಿಟ್ಟರು. ಈ ಎರಡಲ್ಲದೆ ವಾರ್ಸಾದಲ್ಲಿ ವಾಯ್ದಾ ಮತ್ತು ವೊಯ್ಚೆಖ್ ಮಾರ್ಚೆವ್‌ಸ್ಕಿ ಸೇರಿ ಕಟ್ಟಿದ ಶಾಲೆ ಇದೆ. ಗ್ದಿನ್ಯಾದಲ್ಲಿ 2010ರಲ್ಲಿ ಇನ್ನೊಂದು ಶುರುವಾಯಿತು. ಶಾಲೆಯ ಹೆಸರು ನೋಡಿ ಸಿನಿಮಾ ಹೇಗಿರುತ್ತದೆ ಅಂತ ತೀರ್ಮಾನ ಮಾಡಬೇಡಿ. ಯಾರ ಜೊತೆ ಕಲಿತರು, ಕ್ಯಾಮೆರಾ ಹಿಡಿದ ಗೆಳೆಯರು ಯಾರು ಅಂತ ತಿಳಿಯಲು ಅದು ಸಹಾಯ ಮಾಡುತ್ತದೆ, ಅಷ್ಟೇ.

ವಿದ್ಯಾರ್ಥಿಗಳು ಶಾಲೆಯಲ್ಲಿ ಮಾಡುವ ಕಿರುಚಿತ್ರಕ್ಕೆ ಅಲ್ಲಿ 'ಎತ್ಯೂದಾ' ಅನ್ನುತ್ತಾರೆ. ಎಲ್ಲಿ ಸಿಕ್ಕರೂ ನೋಡಿಬಿಡಿ.

ಮೂವತ್ತು ನಿಮಿಷದ ಮೆಟ್ಟಿಲು

ಪದವಿ ಮುಗಿಯಿತು, ದೊಡ್ಡ ಸಿನಿಮಾಕ್ಕೆ ಯಾರೂ ದುಡ್ಡು ಹಾಕುವುದಿಲ್ಲ. ಎಲ್ಲ ದೇಶದಲ್ಲೂ ಇದೇ ಕತೆ ಅಲ್ವಾ? ಪೋಲೆಂಡಿನಲ್ಲಿ ಈ ಜಾಗದಲ್ಲಿ ಒಂದು ಮೆಟ್ಟಿಲು ಕಟ್ಟಿದ್ದಾರೆ. ಸಿನಿಮಾ ಮಂದಿಯ ಸಂಘದ ಅಡಿಯಲ್ಲಿ 'ಸ್ಟುಡಿಯೊ ಮುಂಕಾ' ಅಂತ ಇದೆ. 1961ರಲ್ಲಿ, ಇನ್ನೂ 39 ವಯಸ್ಸಿಗೆ, ಸಿನಿಮಾ ಅರ್ಧಕ್ಕೆ ಬಿಟ್ಟು ಕಾರು ಅಪಘಾತದಲ್ಲಿ ತೀರಿಕೊಂಡ ನಿರ್ದೇಶಕ ಆಂಜೇ ಮುಂಕ್ ಅವರ ಹೆಸರು ಅದಕ್ಕೆ. ಅರ್ಧ ಗಂಟೆಯ ಕಥಾಚಿತ್ರ ಮಾಡುವ ಹೊಸಬರಿಗೆ 'ಮೂವತ್ತು ನಿಮಿಷ' ಅನ್ನುವ ಯೋಜನೆ, ಸಾಕ್ಷ್ಯಚಿತ್ರಕ್ಕೆ 'ಮೊದಲ ಸಾಕ್ಷ್ಯಚಿತ್ರ' ಅನ್ನುವ ಇನ್ನೊಂದು.

ಅರ್ಧ ಗಂಟೆ ಅನ್ನುವುದು ಒಳ್ಳೆಯ ಅಳತೆ. ಐದು ನಿಮಿಷದ ಚಿತ್ರವನ್ನು ಒಂದು ಹೊಳಹು ಇಟ್ಟುಕೊಂಡು ದಾಟಿಸಬಹುದು. ಅರ್ಧ ಗಂಟೆಗೆ ಪಾತ್ರ ಬೇಕು, ನಡುವಿನ ದೃಶ್ಯಗಳು ಬೇಕು, ಕತೆ ತಿರುಗಬೇಕು. ಆದ್ದರಿಂದ ಒಬ್ಬ ಹೊಸ ನಿರ್ದೇಶಕರದ್ದು ಒಂದೇ ಒಂದು ಹಳೆಯ ಕೆಲಸ ನೋಡಲು ಸಮಯ ಇದ್ದರೆ ನಾನು ಈ ಅಳತೆಯದ್ದನ್ನೇ ನೋಡುತ್ತೇನೆ.

ಇಲ್ಲಿ ಇಸವಿ ಗುರುತು ಹಾಕಿಕೊಳ್ಳಿ. ಅಗ್ನ್ಯೆಷ್ಕಾ ಸ್ಮೊಚಿನ್‌ಸ್ಕಾ ಅವರ ಕಿರುಚಿತ್ರ 'ಆರಿಯಾ ದೀವಾ' ಬಂದದ್ದು 2007ರಲ್ಲಿ. ಮೊದಲ ದೊಡ್ಡ ಸಿನಿಮಾ 'ದ ಲ್ಯೂರ್' ಬಂದದ್ದು 2015ರಲ್ಲಿ, ಮುಂದಿನ ವರ್ಷ ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಅದಕ್ಕೆ ವಿಶೇಷ ಪ್ರಶಸ್ತಿಯೂ ಸಿಕ್ಕಿತು. ನಡುವೆ ಎಂಟು ವರ್ಷ. ಪರಿಚಯ ಬರೆಯುವವರು ಆ ಎಂಟು ವರ್ಷವನ್ನು ಒಂದು ಅಲ್ಪವಿರಾಮದಲ್ಲಿ ದಾಟಿಬಿಡುತ್ತಾರೆ. ಮನೆ ನಡೆಸುವುದು, ಬೇರೆ ಕೆಲಸ ಮಾಡುವುದು, ಕತೆ ಹುಡುಕುವುದು ಎಲ್ಲ ಅಲ್ಲೇ ಆಗುವುದು. ಆ ಸಿನಿಮಾ ಬರೆದವರು ರಾಬರ್ಟ್ ಬೊಲೆಸ್ತೊ. ಅದು ಇಷ್ಟವಾಗಿದ್ದರೆ ಎರಡೂ ಹೆಸರು ಬರೆದಿಟ್ಟುಕೊಳ್ಳಿ. ಯಾನ್ ಕೊಮಾಸಾ ಅವರ 'ಕಾರ್ಪಸ್ ಕ್ರಿಸ್ಟಿ' (2019) ನೋಡಿದವರೂ ಅಷ್ಟೇ, ನಿರ್ದೇಶಕರನ್ನು ನೆನಪಿಟ್ಟುಕೊಂಡು ಬರೆದ ಮತೇಉಷ್ ಪತ್ಸೇವಿಚ್ ಅವರನ್ನು ಬಿಟ್ಟುಬಿಡುತ್ತಾರೆ. ಅದೇ ಜೋಡಿ ಮರುವರ್ಷ 'ದ ಹೇಟರ್' ಮಾಡಿತು. ಜೋಡಿ ಗೊತ್ತಿದ್ದರೆ ಮುಂದಿನ ಸಿನಿಮಾ ತಾನಾಗಿ ಸಿಗುತ್ತದೆ.

ದುಡ್ಡಿನ ದಾರಿ

ಪೋಲಿಶ್ ಸಿನಿಮಾ ಸಂಸ್ಥೆ ಶುರುವಾದದ್ದು 2005ರಲ್ಲಿ. ಚಿತ್ರಮಂದಿರ, ಟಿವಿ ಚಾನೆಲ್, ವಿತರಕರು, ಕೇಬಲ್ ಕಂಪನಿಗಳು ತಮ್ಮ ಆದಾಯದ ಶೇ 1.5ರಷ್ಟನ್ನು ಅದಕ್ಕೆ ಕಟ್ಟಬೇಕು. 2020ರಿಂದ ಆನ್‌ಲೈನ್‌ನಲ್ಲಿ ಸಿನಿಮಾ ತೋರಿಸುವವರೂ ಕಟ್ಟಬೇಕು. ಆ ದುಡ್ಡು ಹೊಸ ಸಿನಿಮಾಗಳಿಗೆ ಹೋಗುತ್ತದೆ. ಅರ್ಜಿಗಳನ್ನು ಪರಿಣತರು ಓದುತ್ತಾರೆ, ಅಂದರೆ ಹೊಸಬರ ಕೈಯಲ್ಲಿರುವ ಆಸ್ತಿ ಅಂದರೆ ಚಿತ್ರಕತೆಯೇ. ಮೊದಲ ಸಿನಿಮಾ ಮಾಡುವವರಿಗೆ ಕಡಿಮೆ ಬಜೆಟ್ಟಿನ ಬೇರೆ ಯೋಜನೆಯೂ ಇದೆ.

ನಮಗೆ ಇದರಿಂದ ಏನು ಲಾಭ? ಯಾವ ಯೋಜನೆಗೆ ನೆರವು ಸಿಕ್ಕಿತು ಅನ್ನುವ ಪಟ್ಟಿಯನ್ನು ಸಂಸ್ಥೆ ಎಲ್ಲರಿಗೂ ಕಾಣುವಂತೆ ಹಾಕುತ್ತದೆ. ಸಿನಿಮಾ ಇನ್ನೂ ಶೂಟಿಂಗ್ ಆಗಿರುವುದಿಲ್ಲ, ಆಗಲೇ ನಿಮಗೆ ಹೆಸರು ಗೊತ್ತಿರುತ್ತದೆ.

ಎರಡು ಊರು, ಎರಡು ತಿಂಗಳು

ಜೂನ್‌ನಲ್ಲಿ ಕೊಷಾಲಿನ್ ನೋಡಿ, ಸೆಪ್ಟೆಂಬರಿನಲ್ಲಿ ಗ್ದಿನ್ಯಾ ನೋಡಿ. ಕೊಷಾಲಿನ್‌ನ ಚಿತ್ರೋತ್ಸವ 1973ರಿಂದ ನಡೆಯುತ್ತಿದೆ, ಮೊದಲ ಸಿನಿಮಾ ಮಾಡಿದವರಿಗಾಗಿಯೇ. ಅಲ್ಲಿ ನನಗೆ ಜಾಸ್ತಿ ಇಷ್ಟವಾಗುವುದು ಸಿನಿಮಾ ನಂತರದ ಮಾತುಕತೆ. ಅದಕ್ಕೆ 'ಪ್ರಾಮಾಣಿಕತೆಗೆ ಪ್ರಾಮಾಣಿಕತೆ' ಅಂತ ಹೆಸರು. ಹೊಸ ನಿರ್ದೇಶಕರು ನೋಡುಗರ ಎದುರು ಕೂತು ಉತ್ತರ ಕೊಡಬೇಕು. ಗ್ದಿನ್ಯಾ ಇಡೀ ದೇಶದ ದೊಡ್ಡ ಹಬ್ಬ, ಅಲ್ಲಿ ಗೆದ್ದ ಸಿನಿಮಾಕ್ಕೆ 'ಚಿನ್ನದ ಸಿಂಹ'.

2017ರ ಗ್ದಿನ್ಯಾ ನೆನಪಿಡಿ. ಯಾಗೊದಾ ಷೆಲ್ತ್ಸ್ ಅವರ 'ಟವರ್. ಎ ಬ್ರೈಟ್ ಡೇ'ಗೆ ಮೊದಲ ಸಿನಿಮಾದ ಪ್ರಶಸ್ತಿ, ಚಿತ್ರಕತೆಯ ಪ್ರಶಸ್ತಿ ಎರಡೂ ಬಂದವು. ಚಿನ್ನದ ಸಿಂಹ ಹೋದದ್ದು ಇನ್ನೊಬ್ಬ ಹೊಸಬರಿಗೆ, 'ಚಿಹಾ ನೊತ್ಸ್' ಮಾಡಿದ ಪ್ಯೋತರ್ ದೊಮಲೇವ್‌ಸ್ಕಿಗೆ.

ಒಬ್ಬರನ್ನು ಪೂರ್ತಿ ಓದೋಣ

ದೊಮಲೇವ್‌ಸ್ಕಿ ಮೊದಲು ಕಲಿತದ್ದು ನಟನೆ, ಕ್ರಾಕುವ್‌ನಲ್ಲಿ. ಆಮೇಲೆ ಕಟೊವಿತ್ಸೆಯಲ್ಲಿ ನಿರ್ದೇಶನ. 'ಏನೂ ಇಲ್ಲದ ಅರವತ್ತು ಕಿಲೋ' ಅನ್ನುವ ಅರ್ಥದ ಕಿರುಚಿತ್ರ 2017ರಲ್ಲಿ ಬಂತು. ಅದೇ ವರ್ಷ 'ಚಿಹಾ ನೊತ್ಸ್'. ಬರೆದದ್ದೂ ಅವರೇ.

ಕತೆ ಸರಳ. ಹೊರದೇಶದಲ್ಲಿ ದುಡಿಯುವ ಆದಾಮ್ ಕ್ರಿಸ್ಮಸ್ ಮುನ್ನಾದಿನ ಹಳ್ಳಿಯ ಮನೆಗೆ ಬರುತ್ತಾನೆ. ಕೈಯಲ್ಲಿ ಒಂದು ಪುಟ್ಟ ವಿಡಿಯೋ ಕ್ಯಾಮೆರಾ. ಹುಟ್ಟಲಿರುವ ಮಗುವಿಗೆ ತೋರಿಸಲು ಎಲ್ಲವನ್ನೂ ಹಿಡಿಯುತ್ತಿದ್ದಾನೆ. ಮನಸ್ಸಿನೊಳಗೆ ಬೇರೆ ಲೆಕ್ಕ, ಅಜ್ಜನ ಮನೆ ಮಾರಿಸಿ ಆ ದುಡ್ಡಿನಲ್ಲಿ ಹೊರದೇಶದಲ್ಲಿ ವ್ಯಾಪಾರ ಶುರು ಮಾಡಬೇಕು. ಅಪ್ಪನೂ ಒಂದು ಕಾಲಕ್ಕೆ ಹೊರಗೆ ಹೋಗಿ ದುಡಿದವನೇ. 2004ರಲ್ಲಿ ಪೋಲೆಂಡ್ ಯುರೋಪಿಯನ್ ಒಕ್ಕೂಟ ಸೇರಿದ ಮೇಲೆ ಲಕ್ಷಗಟ್ಟಲೆ ಜನ ಹೀಗೆ ಹೊರಟರು. ಸಿನಿಮಾ ಅದನ್ನೆಲ್ಲ ಒಂದು ಮನೆಯ ಒಂದು ರಾತ್ರಿಯೊಳಗೆ ತಂದು ಕೂರಿಸುತ್ತದೆ. ಕ್ಯಾಮೆರಾ ಕಂಡ ಕೂಡಲೇ ಮನೆಯವರು ಹೇಗೆ ಬದಲಾಗುತ್ತಾರೆ ಅಂತ ನೋಡಿ, ನಟನೆ ಕಲಿತವರು ಬರೆದ ಚಿತ್ರಕತೆ ಅನ್ನುವುದು ಗೊತ್ತಾಗುತ್ತದೆ.

ಇದರ ಬೆನ್ನಿಗೇ 2020ರ 'ಐ ನೆವರ್ ಕ್ರೈ' ನೋಡಿ, ಅದನ್ನೂ ಅವರೇ ಬರೆದದ್ದು. ಅಪ್ಪ ಐರ್ಲೆಂಡಿನಲ್ಲಿ ಕೆಲಸದ ಜಾಗದಲ್ಲಿ ಸತ್ತಿದ್ದಾನೆ. ಹೆಣ ತರಲು ಮಗಳು ಓಲಾ ಹೋಗಬೇಕು, ಯಾಕೆಂದರೆ ಮನೆಯಲ್ಲಿ ಇಂಗ್ಲಿಷ್ ಬರುವುದು ಅವಳಿಗೊಬ್ಬಳಿಗೇ. ಅಪ್ಪ ಕಾರು ಕೊಡಿಸುವ ಮಾತು ಕೊಟ್ಟಿದ್ದ. ಅದಕ್ಕೆ ದುಡ್ಡು ಇಟ್ಟಿದ್ದಾನಾ ಅನ್ನುವುದೇ ಅವಳ ತಲೆಯಲ್ಲಿ ಓಡುತ್ತಿರುತ್ತದೆ. ಮೊದಲ ಸಿನಿಮಾದಲ್ಲಿ ದುಡಿಯಲು ಹೋದವನು ಮನೆಗೆ ಬಂದ. ಎರಡನೆಯದರಲ್ಲಿ ಮನೆಯಲ್ಲಿ ಉಳಿದವಳು ಅವನು ದುಡಿದ ಜಾಗಕ್ಕೆ ಹೋಗುತ್ತಾಳೆ. ಒಂದೇ ಗಾಯವನ್ನು ಎರಡು ಕಡೆಯಿಂದ ಮುಟ್ಟಿ ನೋಡಿದ ಹಾಗೆ.

2021ರಲ್ಲಿ ನೆಟ್‌ಫ್ಲಿಕ್ಸ್‌ಗೆ ಅವರು 'ಆಪರೇಷನ್ ಹಯಸಿಂತ್' ನಿರ್ದೇಶಿಸಿದರು, ಬರೆದವರು ಮಾರ್ಚಿನ್ ಚಾಸ್ತೊನ್. ಅದೇ ವರ್ಷ 'ಸೆಕ್ಸಿಫೈ' ಸರಣಿಯಲ್ಲೂ ಕೆಲಸ ಮಾಡಿದರು. ಇದನ್ನು ನೋಡಿ 'ದಾರಿ ಬಿಟ್ಟರು' ಅನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಎರಡು ಸ್ವಂತ ಚಿತ್ರಕತೆಗಳ ನಡುವೆ ಮನೆ ನಡೆಯಬೇಕು, ಕೈ ಪಳಗುತ್ತಿರಬೇಕು. ಇನ್ನೊಬ್ಬರ ಬರವಣಿಗೆ ಹಿಡಿದಾಗ ಅವರು ಏನನ್ನು ಬಿಡುವುದಿಲ್ಲ ಅಂತ ಗಮನಿಸಿ. ಅದು ಅವರ ಸ್ವಂತದ್ದು.

ಮುಂದಿನ ಸಲ ಚಿತ್ರೋತ್ಸವದಲ್ಲಿ ಹೊಸ ಪೋಲಿಶ್ ನಿರ್ದೇಶಕರು ಎದುರಿಗೆ ಸಿಕ್ಕರೆ, ಕೀಶ್ಲೋವ್‌ಸ್ಕಿ ನಿಮಗೆ ಸ್ಫೂರ್ತಿಯಾ ಅಂತ ಸುಮ್ನೆ ಕೇಳಬೇಡಿ, ಎಲ್ಲರೂ ಅದನ್ನೇ ಕೇಳಿರುತ್ತಾರೆ. ಕಿರುಚಿತ್ರಕ್ಕೂ ಮೊದಲ ಸಿನಿಮಾಕ್ಕೂ ನಡುವಿನ ವರ್ಷಗಳಲ್ಲಿ ಏನು ಬರೆಯುತ್ತಿದ್ದಿರಿ, ಅದನ್ನು ಮೊದಲು ಓದಿದವರು ಯಾರು ಅಂತ ಕೇಳಿ.