ಬೆಂಕಿಪೊಟ್ಟಣ ಕಲಿಸಿದ ಮ್ಯಾಂಡೊಲಿನ್

ರಿಯೋ ಡಿ ಜನೈರೋದ ಲರಂಜೈರಾಸ್ ಬಡಾವಣೆಯಲ್ಲಿ ಶನಿವಾರ ಬೆಳಿಗ್ಗೆ ಸಂತೆ. ಪಕ್ಕದಲ್ಲೇ ಒಂದಷ್ಟು ಜನ ಸುತ್ತ ಕೂತು ಶೋರು ಎಂಬ ಬ್ರೆಜಿಲಿನ ವಾದ್ಯಸಂಗೀತ ನುಡಿಸುತ್ತಾರೆ. ಕೆಲಸಕ್ಕೆಂದು ಈ ಊರಿಗೆ ಬಂದ ಹೊಸದರಲ್ಲಿ ಟೊಮೆಟೊ ತರಲು ಹೋದವನು ಎರಡು ಗಂಟೆ ಅಲ್ಲೇ ನಿಂತುಬಿಟ್ಟೆ. ನನ್ನನ್ನು ಹಿಡಿದದ್ದು ಮ್ಯಾಂಡೊಲಿನ್. ಇಲ್ಲಿಯವರ ಬಾಯಲ್ಲಿ ಅದು ಬಂಡೊಲಿಂ.

ಹಳೆಯದೊಂದು ಕೊಂಡೆ. ಎರಡೆರಡು ತಂತಿಯ ನಾಲ್ಕು ಜೋಡಿ, ಶ್ರುತಿ ಪಾಶ್ಚಾತ್ಯ ಪಿಟೀಲಿನದೇ: ಸೋಲ್, ರೆ, ಲಾ, ಮಿ. ಮೇಷ್ಟ್ರು ಯಾರೂ ಇರಲಿಲ್ಲ. ಜಾಕೋಬ್ ದು ಬಂಡೊಲಿಂ (1918–1969) ಅವರ ರೆಕಾರ್ಡುಗಳನ್ನು ಫೋನಿನಲ್ಲಿ ಅರ್ಧ ವೇಗಕ್ಕೆ ಇಳಿಸಿ ಕೇಳುತ್ತಿದ್ದೆ. ಅವರೂ ಹೆಚ್ಚಾಗಿ ತಾವೇ ಕಲಿತವರು, ಹೊಟ್ಟೆಪಾಡಿಗೆ ಕೋರ್ಟಿನಲ್ಲಿ ಗುಮಾಸ್ತರಾಗಿದ್ದವರು. ಅದು ಗೊತ್ತಾದ ದಿನ ನನಗೆ ತುಂಬಾ ಧೈರ್ಯ ಬಂತು.

ಎಂಟು ತಿಂಗಳಾದ ಮೇಲೆ ಸುತ್ತಿನಲ್ಲಿ ಕೂತೆ. ಸ್ವರ ಒಂದೂ ತಪ್ಪಲಿಲ್ಲ. ಆದರೆ ಪಾಂಡೇರು ಒಂದು ಕಡೆ, ನಾನು ಇನ್ನೊಂದು ಕಡೆ. ಪಾಂಡೇರು ಅಂದರೆ ನಮ್ಮ ಕಂಜೀರದ ಹಾಗೆ ಕೈಯಲ್ಲಿ ಹಿಡಿದು ಬಾರಿಸುವ ವಾದ್ಯ. ಅದನ್ನು ನುಡಿಸುತ್ತಿದ್ದ ಅಜ್ಜ, "ಸ್ವರ ಸರಿ ಇದೆ ಮಗನೇ, ಬಲಗೈ ಇನ್ನೂ ಬಂದಿಲ್ಲ" ಅಂದರು. ಜೇಬಿನಿಂದ ಬೆಂಕಿಪೊಟ್ಟಣ ತೆಗೆದು ಬೆರಳಲ್ಲಿ ತಟ್ಟಿ ತೋರಿಸಿದರು. ಇಲ್ಲಿಯ ಸಾಂಬಾ ಸಂಗೀತದಲ್ಲಿ ಇದೂ ಒಂದು ವಾದ್ಯವೇ. ಸೀರು ಮೊಂಟೇರು ಎಂಬ ಗಾಯಕರು ಅದನ್ನು ತಟ್ಟುತ್ತಲೇ ಹಾಡುತ್ತಿದ್ದರು.

ಮುಂದಿನ ಎರಡು ತಿಂಗಳು ಬಂಡೊಲಿಂ ಬದಿಗಿಟ್ಟೆ. ಅಡುಗೆಮನೆಯ ಮೇಜಿನ ಹತ್ತಿರ ಕೂತು ಸುಮ್ನೆ ಪೊಟ್ಟಣ ತಟ್ಟಿದೆ. ಎರಡು ಪೆಟ್ಟು, ಒಂದೊಂದರಲ್ಲೂ ನಾಲ್ಕು ಕಾಲು ಭಾಗಗಳು, ಭಾರ ಎರಡನೇ ಪೆಟ್ಟಿನ ಮೇಲೆ. ಆಮೇಲೆ ಅದನ್ನೇ ತಂತಿ ಮೀಟುವ ಪಿಕ್‌ಗೆ ತಂದೆ: ಕೆಳಗೆ, ಮೇಲೆ, ಕೆಳಗೆ, ಮೇಲೆ. ಸ್ವರ ಇಲ್ಲದ ಕಡೆಯೂ ಕೈ ನಿಲ್ಲಬಾರದು, ತಂತಿ ಮುಟ್ಟದೆ ಗಾಳಿಯಲ್ಲೇ ಹೋಗಿಬರಬೇಕು. ನಾನು ಮಾಡುತ್ತಿದ್ದ ತಪ್ಪು ಇದೇ. ಸ್ವರ ಬಂದಾಗ ಮಾತ್ರ ಕೈ ಆಡಿಸುತ್ತಿದ್ದೆ. ಶೋರುವಿನ ಎಷ್ಟೋ ಸಾಲುಗಳು ಪೆಟ್ಟಿಗಿಂತ ಮೂರು ಸ್ವರ ಮೊದಲೇ ಹೊರಡುತ್ತವೆ. ನಮ್ಮ ಕರ್ನಾಟಕ ಸಂಗೀತದಲ್ಲಿ ಅತೀತ ಎಡುಪು ಅಂತಾರಲ್ವಾ, ಹಾಗೆ. ಕೈ ಮೊದಲೇ ನಡೆಯುತ್ತಿದ್ದರೆ ಮಾತ್ರ ಆ ಮೂರು ಸ್ವರ ಜಾಗಕ್ಕೆ ಬಂದು ಬೀಳುತ್ತವೆ.

ಇನ್ನೊಂದು ಪಾಠ ಏಳು ತಂತಿಯ ಗಿಟಾರ್‌ನಿಂದ. ಬಂಡೊಲಿಂ ಉಸಿರು ತೆಗೆದುಕೊಳ್ಳುವ ಕಡೆ ಅದು ಮಂದ್ರದಿಂದ ಉತ್ತರ ಕೊಡುತ್ತದೆ. ಆ ಜಾಗವನ್ನು ನಾನು ಒಂದೇ ಸ್ವರ ನಡುಗಿಸಿ ತುಂಬುತ್ತಿದ್ದೆ. ಈಗ ಬಿಟ್ಟುಕೊಡುತ್ತೇನೆ. ಬಿಟ್ಟು ಕೇಳುವಾಗ ಸಿಗುವ ಸುಖ ನುಡಿಸುವಾಗಿನದಕ್ಕಿಂತ ಜಾಸ್ತಿ, ನಿಜವಾಗಿ.

ಹೋದ ಶನಿವಾರ ಅಜ್ಜ ನನ್ನ ಕಡೆ ತಲೆಯಾಡಿಸಿ ಕೃತಿಯ ಎರಡನೇ ಭಾಗವನ್ನು ಪೂರ್ತಿ ನನಗೇ ಬಿಟ್ಟರು. ಕೈ ನಿಲ್ಲಲಿಲ್ಲ. ಈಗ ಮೂರನೇ ಭಾಗ ಅಭ್ಯಾಸ ಮಾಡುತ್ತಿದ್ದೇನೆ. ಅಲ್ಲಿ ಆಧಾರ ಸ್ವರವೇ ಬೇರೆ ಕಡೆ ಹೊರಳುತ್ತದೆ, ಬೆರಳಿಗೆ ಇನ್ನೂ ದಾರಿ ಸಿಕ್ಕಿಲ್ಲ.