ಎಳೆಗಾವಲು ಹಾಕುವುದು ಹೇಗೆ? ತೂಬೂರಿನ ಆಟ ನಡೆಸುವವರಿಗೆ

ತೂಬೂರು ನಾವು ಬೆಂಗಳೂರಿನಲ್ಲಿ ದಾಳ, ನಕ್ಷೆ ಇಟ್ಟುಕೊಂಡು, ಒಬ್ಬರು ಕತೆ ನಡೆಸಿ ಉಳಿದವರು ಪಾತ್ರಗಳಾಗಿ ಆಡುವ ಕತೆಯಾಟದ ಕಾಲ್ಪನಿಕ ಊರು. ಅಲ್ಲಿ ಬತ್ತಿದ ಕೆರೆಗಳು ಸುಮ್ನೆ ಇರುವುದಿಲ್ಲ. ರಾತ್ರಿಯಾದರೆ ನೀರು ವಾಪಸ್ ಬಂದು, ತನ್ನ ಜಾಗದಲ್ಲಿ ಮನೆ ಕಟ್ಟಿಕೊಂಡವರ ಬಾಗಿಲು ತಟ್ಟುತ್ತದೆ. ಅದನ್ನು ತಡೆಯುವುದು ನೀರುಗಂಟಿಗಳ, ಅಂದರೆ ಕೆರೆಯ ನೀರು ನೋಡಿಕೊಳ್ಳುವವರ ಕೆಲಸ. ಆಡುವವರ ಪಾತ್ರ ಅದೇ. ಅವರ ಹತ್ತಿರ ಕತ್ತಿಯಿಲ್ಲ, ಮಂತ್ರವಿಲ್ಲ, ಇರುವುದು ಎಳೆಗಾವಲು ಒಂದೇ, ಅಂದರೆ ಚುಕ್ಕಿಗಳ ಸುತ್ತ ಎಳೆ ಎಳೆದು ಬರೆಯುವ ಕಾವಲಿನ ಚಿಹ್ನೆ.

ಆಟ ನಡೆಸುವವರಿಗೆ ಮೊದಲ ಮಾತು: ಈ ಚಿಹ್ನೆಗೆ ದಾಳ ಉರುಳಿಸಬೇಡಿ. ಆಡುವವರೇ ಕೈಯಾರೆ ಬರೆಯಲಿ. ಸರಿ ಬಂದರೆ ನೀರು ನಿಂತಿತು, ತಪ್ಪಿದರೆ ನೀರು ಒಳಗೆ. ದಾಳದಲ್ಲಿ ಸೋತವರು ಅದೃಷ್ಟವನ್ನು ಬೈಯುತ್ತಾರೆ, ಇಲ್ಲಿ ಆ ನೆಪ ಇಲ್ಲ.

ಬರೆಯುವ ಕ್ರಮ ನಮ್ಮ ಚುಕ್ಕಿ ರಂಗೋಲಿಯದ್ದೇ. ಮೊದಲು 3 ಸಾಲು, ಸಾಲಿಗೆ 4 ಚುಕ್ಕಿ ಇಡಿ. ಎಳೆ ಚುಕ್ಕಿಯನ್ನು ಮುಟ್ಟಬಾರದು, ಚುಕ್ಕಿಗಳ ನಡುವೆ ಓರೆಯಾಗಿ ಹೋಗಬೇಕು. ಅಂಚಿಗೆ ಬಂದಾಗ ಅಂಚಿನ ಚುಕ್ಕಿಯನ್ನು ಸುತ್ತಿಕೊಂಡು ಮತ್ತೆ ಒಳಗೆ ತಿರುಗಬೇಕು. ಹೀಗೇ ಹೋದರೆ ಕೈ ಎತ್ತದೆ ಎಲ್ಲ ಚುಕ್ಕಿಗಳನ್ನೂ ಸುತ್ತಿ ಶುರು ಮಾಡಿದಲ್ಲಿಗೇ ಬಂದು ಸೇರುತ್ತೀರಿ. ಪಕ್ಕಪಕ್ಕದ ಎರಡು ಚುಕ್ಕಿಗಳ ನಡುವೆ, ಅಡ್ಡಕ್ಕೂ ಉದ್ದಕ್ಕೂ, ಎಳೆ ಒಂದೊಂದು ಸಲ ತನ್ನನ್ನೇ ದಾಟಿರಬೇಕು. 3×4ರಲ್ಲಿ ಅಂಥ ದಾಟು 17. ಎಣಿಸಿ ನೋಡಿ, ಒಂದು ಕಮ್ಮಿಯಾದರೂ ಕಾವಲು ಸೋರುತ್ತದೆ. ಇದೇ ಕಷ್ಟ ಅನಿಸಿದರೆ 2×3ರಿಂದ ಶುರು ಮಾಡಿ, ಅದರಲ್ಲಿ 7 ದಾಟು ಅಷ್ಟೇ.

ಮಜಾ ಇರುವುದು ಇಲ್ಲಿ. ಎಲ್ಲ ಅಳತೆಯೂ ಒಂದೇ ಎಳೆಯಲ್ಲಿ ಮುಗಿಯುವುದಿಲ್ಲ. 3×3 ಇಟ್ಟು ನೋಡಿ, ಎಳೆ ಬೇಗ ಮುಚ್ಚಿಕೊಂಡುಬಿಡುತ್ತದೆ, ಇನ್ನೂ ಎರಡು ಎಳೆ ಬೇರೆಯಾಗಿ ಹಾಕಬೇಕು. 4×6ಕ್ಕೆ ಎರಡು ಎಳೆ, 5×5ಕ್ಕೆ ಐದು. ಲೆಕ್ಕ ಏನು ಅಂದರೆ ಎರಡೂ ಸಂಖ್ಯೆಗಳನ್ನು ಭಾಗಿಸುವ ದೊಡ್ಡ ಸಂಖ್ಯೆ ಎಷ್ಟೋ ಅಷ್ಟು ಎಳೆ. ಹೌದು, ಸ್ಕೂಲಿನಲ್ಲಿ ಯಾಕಪ್ಪಾ ಇದು ಅಂತ ಕಲಿತ ಅದೇ ಮಸಾಅ! ತೂಬೂರಿನ ನಿಯಮ ಇದರ ಮೇಲೇ ನಿಂತಿದೆ: ಒಂದು ಎಳೆಗೆ ಒಬ್ಬ ನೀರುಗಂಟಿ. 5×5 ಕಾವಲಿಗೆ ಐವರು ಬೇಕು, ಆದರೆ ಒಬ್ಬೊಬ್ಬರ ಪಾಲಿನ ಎಳೆ ಚಿಕ್ಕದು. ನಾಲ್ವರನ್ನು ನೀರು ಎಳೆದುಕೊಂಡು ಹೋಗಿ ಒಬ್ಬರೇ ಉಳಿದಿದ್ದರೆ 5×6 ಹಾಕಬಹುದು, ಒಂದೇ ಎಳೆ, ಆದರೆ 49 ದಾಟು, ಅದೂ ಗಡಿಯಾರ ಓಡುತ್ತಿರುವಾಗ. ಈ ನಿಯಮವನ್ನು ಆಡುವವರಿಗೆ ಮೊದಲೇ ಹೇಳಬೇಡಿ. ಅವರೇ ಕಂಡುಕೊಳ್ಳುವ ಕ್ಷಣಕ್ಕೋಸ್ಕರವೇ ಇಷ್ಟೆಲ್ಲ.

ಎಲ್ಲಿ ಹಾಕಬೇಕು ಅನ್ನುವುದು ಸುಲಭ. ಹೊಸಿಲಿಗೆ ಹಾಕಿದರೆ ಮನೆ ಉಳಿಯುತ್ತದೆ, ತೂಬಿನ (ಕೆರೆಯಿಂದ ನೀರು ಬಿಡುವ ಕಂಡಿಯ) ಬಾಯಿಗೆ ಹಾಕಿದರೆ ಬೀದಿ, ಏರಿಯ (ಕೆರೆಯ ಕಟ್ಟೆಯ) ಮೇಲೆ ಹಾಕಿದರೆ ಇಡೀ ಕೇರಿ. ಜಾಗ ದೊಡ್ಡದಾದಷ್ಟೂ ಚುಕ್ಕಿ ಜಾಸ್ತಿ. ಹೆಚ್ಚಾದ ನೀರು ಹರಿದುಹೋಗುವ ಕೋಡಿಗೆ ಮಾತ್ರ ಹಾಕಬೇಡಿ, ನೀರಿಗೆ ಹೋಗಲು ಒಂದು ದಾರಿ ಬೇಕು, ಇಲ್ಲದಿದ್ದರೆ ಏರಿಯೇ ಒಡೆಯುತ್ತದೆ. ಅಂದಹಾಗೆ ಅಪಾರ್ಟ್‌ಮೆಂಟ್ ಬಾಗಿಲಿಗೆ ಅಂಟಿಸುವ ಸ್ಟಿಕ್ಕರ್ ರಂಗೋಲಿ ತೂಬೂರಿನಲ್ಲಿ ಕೆಲಸ ಮಾಡುವುದಿಲ್ಲ. ಈ ಪ್ರಶ್ನೆ ಯಾರಾದರೂ ಕೇಳಿಯೇ ಕೇಳುತ್ತಾರೆ.

ಕಾವಲಿಗೆ ಬೆಲೆ ಬಾಯಾರಿಕೆ. ಎಳೆ ನಿಂತಿರುವ ತನಕ ಅದನ್ನು ಹಾಕಿದವರಿಗೆ ಎಷ್ಟು ನೀರು ಕುಡಿದರೂ ದಾಹ ಇಂಗುವುದಿಲ್ಲ. ಕಾವಲು ಎಷ್ಟು ಹೊತ್ತು ಅನ್ನುವುದನ್ನು ಎಳೆಯ ಮೇಲ್ಗಡೆ ಬರೆಯುವ ಗುರುತು ಹೇಳುತ್ತದೆ: ಸೂರ್ಯ ಬರೆದರೆ ಸೂರ್ಯ ಮುಳುಗುವವರೆಗೆ, ಚಂದ್ರ ಬರೆದರೆ ಚಂದ್ರ ಮುಳುಗುವವರೆಗೆ. ಎರಡನ್ನೂ ಬರೆದರೆ ಶಾಶ್ವತ. ನಮ್ಮ ಹಳೆಯ ದಾನಶಾಸನದ ಕಲ್ಲುಗಳ ತಲೆಯ ಮೇಲೆ ಸೂರ್ಯ ಚಂದ್ರರನ್ನು ಕೆತ್ತಿರುತ್ತಾರಲ್ಲ, ಅವರಿರುವ ತನಕ ದಾನ ನಿಲ್ಲಲಿ ಅಂತ, ಅಲ್ಲಿಂದ ತಂದಿದ್ದು. ಆದರೆ ತೂಬೂರಿನಲ್ಲಿ ಎರಡನ್ನೂ ಬರೆದವರ ಬಾಯಾರಿಕೆಯೂ ಶಾಶ್ವತ, ಹಾಗಾಗಿ ಕತೆಯ ಕೊನೆಗೆ ಬಂದಾಗ ಬಿಟ್ಟು ಯಾರಿಗೂ ಅದನ್ನು ಕೊಡಬೇಡಿ.

ನಕ್ಷೆಗೆ ಕೆರೆ ಬೇಕಾದರೆ ನಮ್ಮೂರಲ್ಲೇ ಬೇಕಾದಷ್ಟಿವೆ. ಮೆಜೆಸ್ಟಿಕ್ ಬಸ್ ನಿಲ್ದಾಣ ಇರುವುದು ಧರ್ಮಾಂಬುಧಿ ಕೆರೆಯ ಜಾಗದಲ್ಲಿ, ಕಂಠೀರವ ಕ್ರೀಡಾಂಗಣ ಸಂಪಂಗಿ ಕೆರೆಯ ಜಾಗದಲ್ಲಿ. ಹೆಸರು ಬದಲಿಸಿ ತೂಬೂರಿಗೆ ಸೇರಿಸಿಕೊಳ್ಳಿ.

ಮೇಜಿನ ಮೇಲೆ ರಂಗೋಲಿ ಪುಡಿ ಬೇಡ, ಫ್ಯಾನ್ ಹಾಕಿದರೆ ಮುಗಿಯಿತು ಕತೆ. ಸ್ಲೇಟು ಬಳಪ ಸಾಕು, ಅವೆನ್ಯೂ ರೋಡಿನ ಕಡೆ ಹೋದರೆ ಸಿಗುತ್ತವೆ. ಚುಕ್ಕಿ ಇಡಲು ಸಮಯ ಲೆಕ್ಕ ಹಾಕಬೇಡಿ, ಎಳೆ ಶುರುವಾದ ಮೇಲೆ ಫೋನಿನಲ್ಲಿ ಟೈಮರ್ ಒತ್ತಿ. 3×4ಕ್ಕೆ ಒಂದು ನಿಮಿಷ ಕೊಡಿ. ಕೈ ಪಳಗಿದವರಿಗೆ ಅರ್ಧ ನಿಮಿಷ. ಅಳಿಸುವಾಗ ಒದ್ದೆ ಬಟ್ಟೆಯನ್ನು ಎಳೆ ಹಾಕಿದವರ ಕೈಗೇ ಕೊಡಿ, ಬೇರೆಯವರು ಅಳಿಸಿದರೆ ಬಾಯಾರಿಕೆ ಅವರಿಗೆ ದಾಟುತ್ತದೆ.